ಟ್ರಿನಿಡಾಡ್: ನೆಲದ ಮೇಲಿನ ದುಡಿಮೆ, ನೆಲದಡಿಯ ಸಂಪತ್ತು

ಎಲ್ಲರಿಗೂ ನಮಸ್ಕಾರ.

ಪೋರ್ಟ್ ಆಫ್ ಸ್ಪೇನ್ ಅಂದರೆ ಇಲ್ಲಿ ಕೂತಿರುವ ಹಿರಿಯರಿಗೆ 1976ರ ಕ್ರಿಕೆಟ್ ಟೆಸ್ಟ್ ನೆನಪಾಗುತ್ತದೆ. ನಾಲ್ಕುನೂರು ದಾಟಿದ ಗುರಿ, ನಮ್ಮ ವಿಶ್ವನಾಥ್ ಹೊಡೆದ 112, ಭಾರತದ ಗೆಲುವು. ಆ ಊರಿರುವ ಟ್ರಿನಿಡಾಡ್ ದ್ವೀಪದ ಜನ ಏನು ಬೆಳೆದು, ಏನು ಅಗೆದು ಬದುಕಿದರು ಅನ್ನುವುದು ಇವತ್ತಿನ ಮಾತು.

ಕೆರಿಬಿಯನ್ ಅಂದ ಕೂಡಲೇ ತೆಂಗಿನ ಮರ, ಬಿಳಿ ಮರಳು ಕಣ್ಣಿಗೆ ಬರುತ್ತದೆ ಅಲ್ವಾ? ಟ್ರಿನಿಡಾಡ್ ಆ ಚಿತ್ರಕ್ಕೆ ಹೊಂದುವುದಿಲ್ಲ. ಅದು ದಕ್ಷಿಣ ಅಮೆರಿಕದಿಂದ ಬೇರೆಯಾದ ನೆಲ. ವೆನೆಜುವೆಲಾದ ದಡ ಸುಮಾರು 11 ಕಿ.ಮೀ. ದೂರ, ಅಷ್ಟೇ. ಉತ್ತರದ ಬೆಟ್ಟಸಾಲು ಆಚೆ ದಡದ ಬೆಟ್ಟಗಳದೇ ಮುಂದುವರಿಕೆ. ಒರಿನೊಕೊ ನದಿ ಲಕ್ಷಾಂತರ ವರ್ಷ ತಂದು ಸುರಿದ ಮರಳಿನ ಪದರಗಳಲ್ಲಿ ಎಣ್ಣೆ, ಅನಿಲ ತುಂಬಿಕೊಂಡಿವೆ.

ಆಡಳಿತವೂ ಆ ಕಡೆಯಿಂದಲೇ ನಡೆಯುತ್ತಿತ್ತು. ಟ್ರಿನಿಡಾಡ್ ಸ್ಪೇನಿನ ಒಂದು ಪ್ರಾಂತ್ಯ. 1777ರಲ್ಲಿ ಅದನ್ನು ವೆನೆಜುವೆಲಾದ ಆಡಳಿತಕ್ಕೆ ಸೇರಿಸಿದರು. ಆಗ ಅಲ್ಲಿ ಜನ ತೀರಾ ಕಡಿಮೆ. 1783ರಲ್ಲಿ ಸ್ಪೇನಿನ ರಾಜ ಒಂದು ಆದೇಶ ಹೊರಡಿಸಿದ: ಕ್ಯಾಥೊಲಿಕರು ಬಂದು ನೆಲೆಸಿದರೆ ಜಮೀನು ಪುಕ್ಕಟೆ. ಜೊತೆಗೆ ತಂದ ಪ್ರತಿ ಗುಲಾಮನ ಲೆಕ್ಕಕ್ಕೆ ಇನ್ನಷ್ಟು ಜಮೀನು. ಮನುಷ್ಯರನ್ನು ಎಣಿಸಿ ಎಕರೆ ಹಂಚಿದ ಆ ಕಾಗದವೇ ಅಲ್ಲಿನ ಕಬ್ಬಿನ ತೋಟಗಳಿಗೆ ಅಡಿಪಾಯ. 1797ರಲ್ಲಿ ಬ್ರಿಟಿಷರು ದ್ವೀಪವನ್ನು ವಶಪಡಿಸಿಕೊಂಡಾಗ ಜನಸಂಖ್ಯೆಯಲ್ಲಿ ಅರ್ಧಕ್ಕಿಂತ ಜಾಸ್ತಿ ಗುಲಾಮರಿದ್ದರು.

1838ರಲ್ಲಿ ಗುಲಾಮಗಿರಿ ಪೂರ್ತಿ ಮುಗಿಯಿತು. ತೋಟದ ಮಾಲೀಕರು ಕೂಲಿಗೆ ಭಾರತದ ಕಡೆ ತಿರುಗಿದರು. 1845ರ ಮೇ 30ರಂದು ಫತೆಲ್ ರಜಾಕ್ ಎಂಬ ಹಡಗು ಕರಾರು ಕೂಲಿಗಳನ್ನು ಹೊತ್ತು ಬಂತು. 1917ರ ತನಕ ಹೀಗೆ ಸುಮಾರು 1.4 ಲಕ್ಷ ಜನ ಬಂದರು. ಹೆಚ್ಚಿನವರು ಕಲ್ಕತ್ತಾ ಬಂದರಿನಿಂದ, ಕೆಲವರು ಮದ್ರಾಸಿನಿಂದ. ಇವತ್ತು ಆ ದೇಶದಲ್ಲಿ ಮೂರರಲ್ಲಿ ಒಬ್ಬರಿಗಿಂತ ಹೆಚ್ಚು ಮಂದಿ ಭಾರತೀಯ ಮೂಲದವರು. ಮೇ 30 ಅಲ್ಲಿ ಸರ್ಕಾರಿ ರಜೆ.

ಕೊಕೊ ಬಗ್ಗೆ ಸ್ವಲ್ಪ ನಿಂತು ಹೇಳಬೇಕು. 1727ರ ಸುಮಾರಿಗೆ ಅಲ್ಲಿನ ಹಳೆಯ ಕೊಕೊ ತಳಿ ಹಾಳಾಯಿತು. ಆಮೇಲೆ ಹೊರಗಿನಿಂದ ತಂದ ಗಟ್ಟಿ ತಳಿ ಉಳಿದ ಗಿಡಗಳೊಂದಿಗೆ ಬೆರೆತು ಟ್ರಿನಿಟಾರಿಯೊ ಎಂಬ ಹೊಸ ತಳಿ ಹುಟ್ಟಿತು. ಒಳ್ಳೆಯ ಚಾಕೊಲೇಟ್ ಮಾಡುವವರು ಇವತ್ತಿಗೂ ಅದನ್ನು ಹುಡುಕಿಕೊಂಡು ಹೋಗುತ್ತಾರೆ. ಬೀಜ ಒಣಗಿಸುವ ಅಟ್ಟಕ್ಕೆ ಹಳಿಯ ಮೇಲೆ ಸರಿಯುವ ಚಾವಣಿ. ಬಿಸಿಲಿದ್ದರೆ ಸರಿಸುವುದು, ಮಳೆ ಹನಿದರೆ ಓಡಿ ಬಂದು ಮುಚ್ಚುವುದು. ಒಣಗಿದ ಬೀಜಕ್ಕೆ ಹೊಳಪು ಬರಲಿ ಎಂದು ಕೆಲಸಗಾರರು ಅದರ ಮೇಲೆ ಬರಿಗಾಲಲ್ಲಿ ತುಳಿಯುತ್ತಿದ್ದರು. ಅದಕ್ಕೆ ಅವರು ಕೊಕೊ ಕುಣಿತ ಎನ್ನುತ್ತಿದ್ದರು. 1920ರ ದಶಕದಲ್ಲಿ ಬೆಲೆ ಕುಸಿಯಿತು, ಗಿಡಕ್ಕೆ ರೋಗವೂ ಬಂತು. ಆ ವೈಭವ ಮತ್ತೆ ಬರಲಿಲ್ಲ.

ದಕ್ಷಿಣದ ಲಾ ಬ್ರಿಯಾದಲ್ಲಿ ಡಾಂಬರಿನ ಕೆರೆಯೇ ಇದೆ, ಸುಮಾರು ನೂರು ಎಕರೆ. ಮೇಲೆ ನಡೆದು ಹೋಗಬಹುದು. ಕೆಲವು ಕಡೆ ಮೆತ್ತಗೆ, ಸುಮ್ನೆ ನಿಂತರೆ ಪಾದ ನಿಧಾನವಾಗಿ ಇಳಿಯುತ್ತದೆ. ಅಗೆದ ಗುಂಡಿ ತಾನಾಗಿ ತುಂಬಿಕೊಳ್ಳುತ್ತದೆ. 1595ರಲ್ಲಿ ಇಂಗ್ಲೆಂಡಿನ ನಾವಿಕ ವಾಲ್ಟರ್ ರಾಲಿ ಇದೇ ಡಾಂಬರಿನಿಂದ ತನ್ನ ಹಡಗುಗಳ ಸಂದು ಮುಚ್ಚಿಸಿದ. ಮುಂದೆ ಎಷ್ಟೋ ದೇಶಗಳ ರಸ್ತೆಗೆ ಅದು ಹೋಯಿತು.

ಇಪ್ಪತ್ತನೇ ಶತಮಾನದಲ್ಲಿ ಎಣ್ಣೆ, ಆಮೇಲೆ ಅನಿಲ. ಪಾಯಿಂಟ್ ಲಿಸಾಸ್‌ನ ಕಾರ್ಖಾನೆಗಳಲ್ಲಿ ಅನಿಲ ಅಮೋನಿಯ, ಮೆಥನಾಲ್ ಆಗುತ್ತದೆ. 1999ರಿಂದ ಪಾಯಿಂಟ್ ಫೋರ್ಟಿನ್‌ನಲ್ಲಿ ಅದನ್ನು ತಣ್ಣಗಾಗಿಸಿ ದ್ರವ ಮಾಡಿ ಹಡಗಿಗೆ ತುಂಬುತ್ತಾರೆ. ಇದರಿಂದ ದೇಶಕ್ಕೆ ಒಳ್ಳೆಯ ಶಾಲೆ, ರಸ್ತೆ, ಸಂಬಳ ಬಂತು, ನಿಜ. ಆದರೆ ಕೂಲಿಗಳ ಮಕ್ಕಳು ಮೊಮ್ಮಕ್ಕಳು ದುಡಿದ ಸರ್ಕಾರಿ ಸಕ್ಕರೆ ಕಂಪನಿಯನ್ನು 2003ರಲ್ಲಿ ಮುಚ್ಚಿದರು. ಸಾವಿರಾರು ಜನ ಕೆಲಸ ಕಳೆದುಕೊಂಡರು. ನನಗೆ ಅದು ತೀರಾ ನೋವಿನ ಸಂಗತಿ. 2018ರಲ್ಲಿ ಪಾಯಿಂಟ್ ಅ ಪಿಯೆರ್‌ನ ಎಣ್ಣೆ ಶುದ್ಧೀಕರಣ ಘಟಕವೂ ನಿಂತಿತು.

ಈಗ ಅನಿಲ ಕೂಡ ಮೊದಲಿನಷ್ಟು ಸಿಗುತ್ತಿಲ್ಲ. ಹತ್ತಿರದಲ್ಲೇ ಡ್ರ್ಯಾಗನ್ ಎಂಬ ದೊಡ್ಡ ಅನಿಲ ನಿಕ್ಷೇಪವಿದೆ, ಆದರೆ ಅದಿರುವುದು ವೆನೆಜುವೆಲಾದ ಕಡಲಿನಲ್ಲಿ. ವೆನೆಜುವೆಲಾ ಮೇಲಿನ ಅಮೆರಿಕದ ನಿರ್ಬಂಧದಿಂದಾಗಿ ವಾಷಿಂಗ್ಟನ್ನಿನ ಪರವಾನಗಿ ಬೇಕಾಯಿತು. 2023ರಲ್ಲಿ ಕೊಟ್ಟರು, 2025ರ ಏಪ್ರಿಲ್‌ನಲ್ಲಿ ಹಿಂದಕ್ಕೆ ತೆಗೆದುಕೊಂಡರು, ಅದೇ ವರ್ಷ ಅಕ್ಟೋಬರ್‌ನಲ್ಲಿ ಮತ್ತೆ ಕೊಟ್ಟರು.