ಮಲಯಾಳಂ ಸಿನಿಮಾ ಕಟ್ಟಿದ ಮನೆಗಳು

ನಮಸ್ಕಾರ. ಮಲಯಾಳಂ ಚಿತ್ರಗಳು ಕೇರಳದ ನಿತ್ಯಜೀವನಕ್ಕೆ ಎಷ್ಟು ಹತ್ತಿರವಿವೆ ಎಂಬುದನ್ನು ತಿಳಿಯಲು ಅವು ಮನೆಯನ್ನು ತೋರಿಸುವ ಬಗೆಯನ್ನು ಗಮನಿಸಬೇಕು. ಮನೆಯ ಒಡೆತನ ಯಾರದು, ಅದರೊಳಗೆ ದುಡಿಯುವವರು ಯಾರು ಎಂಬ ಪ್ರಶ್ನೆಗಳಿಂದಲೇ ಅಲ್ಲಿನ ಹಲವು ಒಳ್ಳೆಯ ಚಿತ್ರಗಳು ಹುಟ್ಟಿವೆ.

(ದೃಶ್ಯ: ಹೆಂಚಿನ ಹಳೆಯ ಮನೆ, ಮಳೆ ನಿಂತ ಅಂಗಳ)

ಅಡೂರ್ ಗೋಪಾಲಕೃಷ್ಣನ್ ಅವರ 1981ರ ‘ಎಲಿಪ್ಪತ್ತಾಯಂ’ ಚಿತ್ರದಲ್ಲಿರುವುದು ಶಿಥಿಲವಾಗುತ್ತಿರುವ ಒಂದು ತರವಾಡು, ಅಂದರೆ ಕೂಡುಕುಟುಂಬದ ಹಿರಿಯರ ಮನೆ. ನಾಯರ್ ತರವಾಡುಗಳಲ್ಲಿ ಆಸ್ತಿ ಹೆಣ್ಣಿನ ವಂಶದಲ್ಲಿ ಇಳಿದು ಬರುತ್ತಿತ್ತು. ತುಳುನಾಡಿನ ಅಳಿಯಸಂತಾನವನ್ನು ಬಲ್ಲವರಿಗೆ ಇದು ಅಪರಿಚಿತ ಪದ್ಧತಿಯಲ್ಲ. ಆದರೂ ಯಜಮಾನಿಕೆ ಗಂಡಸಿನದೇ ಆಗಿತ್ತು. ಭೂಸುಧಾರಣೆಯಿಂದ ಗೇಣಿಯ ವರಮಾನ ಕೈಬಿಟ್ಟಿತು, 1975ರ ಕಾಯ್ದೆ ಹಿಂದೂ ಅವಿಭಕ್ತ ಕುಟುಂಬ ಪದ್ಧತಿಯನ್ನೇ ಕೇರಳದಲ್ಲಿ ರದ್ದುಪಡಿಸಿತು. ಚಿತ್ರದಲ್ಲಿ ಆ ಮನೆಯ ಯಜಮಾನನಾದ ಉಣ್ಣಿ ಮಾತ್ರ ಹಳೆಯ ಯಜಮಾನಿಕೆಯಲ್ಲೇ ಉಳಿದಿದ್ದಾನೆ. ದಾರಿಯಲ್ಲಿ ನಿಂತ ನೀರನ್ನು ದಾಟಲೂ ಹಿಂಜರಿಯುವ ಅವನ ಊಟ, ಬಟ್ಟೆ, ನೆಮ್ಮದಿಗಳೆಲ್ಲ ಸೋದರಿ ರಾಜಮ್ಮನ ದುಡಿಮೆಯ ಮೇಲೆ ನಿಂತಿವೆ. ಅವಳು ಹಾಸಿಗೆ ಹಿಡಿದ ಮೇಲೆ ಅವನಿಗೆ ಬದುಕುವ ದಾರಿಯೇ ತೋಚುವುದಿಲ್ಲ.

ಮುಂದೆ ಗಲ್ಫ್ ದುಡಿಮೆಯಿಂದ ಊರೂರುಗಳಲ್ಲಿ ಕಾಂಕ್ರೀಟ್ ಮನೆಗಳು ಎದ್ದವು. ಸಲೀಂ ಅಹಮದ್ ಅವರ ‘ಪತ್ತೇಮಾರಿ’ (2015) ಅಂಥ ಮನೆಗಾಗಿ ಆಯುಷ್ಯವನ್ನೆಲ್ಲ ಪರದೇಶದಲ್ಲಿ ಸವೆಸಿದವನ ಕಥೆ.

(ದೃಶ್ಯ: ಅಡುಗೆಮನೆ, ಸೋರುವ ಸಿಂಕ್)

ಜಿಯೋ ಬೇಬಿ ಅವರ 2021ರ ‘ದಿ ಗ್ರೇಟ್ ಇಂಡಿಯನ್ ಕಿಚನ್’ ನನಗೆ ಬಹಳ ಮುಖ್ಯವೆನಿಸುವುದು ಅದರ ತಾಳ್ಮೆಯಿಂದಾಗಿ. ಹೆಚ್ಚುವುದು, ರುಬ್ಬುವುದು, ಬಡಿಸುವುದು, ಎಂಜಲು ಬಳಿಯುವುದು ಮತ್ತೆ ಮತ್ತೆ ತೆರೆಯ ಮೇಲೆ ಬರುತ್ತವೆ, ಏಕೆಂದರೆ ಆ ಹೆಣ್ಣಿನ ದಿನವೇ ಹಾಗಿದೆ. ಅನ್ನ ಸೌದೆ ಒಲೆಯಲ್ಲೇ ಬೇಯಬೇಕು, ಚಟ್ನಿಯನ್ನು ಕಲ್ಲಿನಲ್ಲೇ ಅರೆಯಬೇಕು ಎಂದು ಮಾವ ಮೆದುವಾಗಿಯೇ ಹೇಳುತ್ತಾನೆ. ಸೋರುವ ಸಿಂಕನ್ನು ರಿಪೇರಿ ಮಾಡಿಸಲು ಗಂಡನಿಗೆ ಪುರುಸೊತ್ತಿಲ್ಲ. ಗದರಿಕೆಯೇ ಇಲ್ಲದೆ ಮನೆಯೊಂದು ಸೊಸೆಯನ್ನು ಹೇಗೆ ದಣಿಸಬಲ್ಲದು ಎಂಬುದನ್ನು ಇಷ್ಟು ನಿಖರವಾಗಿ ತೋರಿಸಿದ ಚಿತ್ರಗಳು ವಿರಳ. ಸಾಕ್ಷರತೆಗೆ ಹೆಸರಾದ ರಾಜ್ಯದಲ್ಲಿ, ಗಂಡನನ್ನು ಶಾಲಾ ಶಿಕ್ಷಕನನ್ನಾಗಿ ಚಿತ್ರಿಸಿದ್ದು ಅದರ ಟೀಕೆಯನ್ನು ಇನ್ನಷ್ಟು ತೀಕ್ಷ್ಣಗೊಳಿಸುತ್ತದೆ.

ಆದರೆ ಈ ಚಿತ್ರಪರಂಪರೆಯಲ್ಲಿ ಮೇಲ್ಜಾತಿಯವರ, ಮಧ್ಯಮವರ್ಗದವರ ಮನೆಗಳಿಗೆ ಸಿಕ್ಕಷ್ಟು ಜಾಗ ದಲಿತರ ಮನೆಗಳಿಗೆ ಸಿಕ್ಕಿಲ್ಲ. ರಾಜೀವ್ ರವಿ ಅವರ 2016ರ ‘ಕಮ್ಮಟ್ಟಿಪಾಡಂ’ ಕೊಚ್ಚಿ ನಗರ ಬೆಳೆಯುತ್ತ ಹೋದಂತೆ ದಲಿತ ಕುಟುಂಬಗಳು ತಮ್ಮ ಗದ್ದೆ, ನೆಲೆ ಎರಡನ್ನೂ ಕಳೆದುಕೊಂಡ ಬಗೆಯನ್ನು ಹೇಳುತ್ತದೆ. ತರವಾಡಿನ ಅವನತಿಯನ್ನು ನೋಡಿದವರು ಈ ಚಿತ್ರವನ್ನೂ ಅದರ ಪಕ್ಕದಲ್ಲಿಟ್ಟು ನೋಡಬೇಕು.