ಜಾಗ ಬದಲಿಸುವ ನಾಡಿಗೆ ನಕ್ಷೆ ಬರೆಯುವವರು

ಎಲ್ಲರಿಗೂ ನಮಸ್ಕಾರ.

ಇಲ್ಲಿ ಕೂತಿರುವವರಲ್ಲಿ ಜಾಸ್ತಿ ಜನ ಮಾಯಾಲೋಕದ ಕಥೆ ಬರೆಯುವವರು. ನಿಮ್ಮ ಲೋಕದಲ್ಲಿ ಬೆಟ್ಟ ರಾತ್ರೋರಾತ್ರಿ ಎದ್ದು ಹೋಗುತ್ತದೆ, ಹೊಳೆ ದಿಕ್ಕು ಬದಲಿಸುತ್ತದೆ. ಅದರ ಹಿಂದೆ ನಕ್ಷೆಗಾರರ ಸಂಘವೊಂದು ಓಡುತ್ತಿರುತ್ತದೆ. ಅಂಥ ಸಂಘವನ್ನು ನಂಬುವ ಹಾಗೆ ಕಟ್ಟುವುದು ಹೇಗೆ ಅಂತ ಕೇಳಿದ್ದೀರಿ. ಮಾಯಮಂತ್ರ ನನಗೆ ಬರುವುದಿಲ್ಲ. ಆದರೆ ಅಂಥ ನಾಡು ನಮ್ಮ ಭೂಮಿಯ ಮೇಲೇ ಇದೆ, ಅದನ್ನು ಅಳೆದವರೂ ಇದ್ದಾರೆ. ಬಂಗಾಳದ ನದಿಬಯಲು. ಅದರ ಕಥೆ ಹೇಳುತ್ತೇನೆ, ಬೇಕಾದ್ದನ್ನು ಎತ್ತಿಕೊಳ್ಳಿ.

ಮೊದಲು ನಮ್ಮ ಕಡೆಯದು. ಜಮೀನು ಅಳೆಯಲು ಸರ್ವೇಯರ್ ಬಂದರೆ ಹುಡುಕುವುದು ಬಾಂದು ಕಲ್ಲನ್ನು. 33 ಅಡಿಯ ಸರಪಳಿ. ಉದ್ದಕ್ಕೊಂದು ಸರಪಳಿ, ಅಗಲಕ್ಕೊಂದು ಸರಪಳಿ ಆದರೆ ಒಂದು ಗುಂಟೆ. 40 ಗುಂಟೆಗೆ ಒಂದು ಎಕರೆ. ಪಕ್ಕದವನು ಕಲ್ಲು ಕಿತ್ತು ಎರಡು ಮಾರು ಆಚೆ ನೆಟ್ಟಿದ್ದರೂ, ಹಳೆ ಅಳತೆಯ ಟಿಪ್ಪಣಿ ತೆಗೆದು ಇನ್ನೊಂದು ಕಲ್ಲಿನಿಂದ ಅಳೆದರೆ ಕಳ್ಳಾಟ ಬಯಲಾಗುತ್ತದೆ. ನಮ್ಮಲ್ಲಿ ಓಡಾಡುವುದು ಕಲ್ಲು ಮಾತ್ರ. ಬಂಗಾಳದಲ್ಲಿ ಕಲ್ಲು ನೆಟ್ಟ ಹೊಲವೇ ಹೊಳೆಪಾಲಾಗುತ್ತದೆ.

1764ರಲ್ಲಿ ಜೇಮ್ಸ್ ರೆನೆಲ್ ಅನ್ನುವ ಇಂಗ್ಲಿಷ್ ಸರ್ವೇಯರ್ ಅಲ್ಲಿ ಅಳತೆ ಶುರು ಮಾಡಿದಾಗ ಅವನಿಗೆ 21 ವರ್ಷ. ಮೂರು ವರ್ಷದಲ್ಲಿ ಈಸ್ಟ್ ಇಂಡಿಯಾ ಕಂಪನಿ ಅವನನ್ನು ಬಂಗಾಳದ ಸರ್ವೇಯರ್ ಜನರಲ್ ಮಾಡಿತು. ದೋಣಿಯಲ್ಲೇ ಅವನ ಎಷ್ಟೋ ಕೆಲಸ. ಗಂಗೆಯಿಂದ ಜಲಂಗಿ ಹೊಳೆ ಕವಲೊಡೆಯುವ ಬಾಯಿ, ತಾನು ಬಂಗಾಳದಲ್ಲಿದ್ದ 11 ವರ್ಷಗಳಲ್ಲಿ ಮುಕ್ಕಾಲು ಮೈಲಿ ಕೆಳಕ್ಕೆ ಸರಿಯಿತು ಅಂತ ಬರೆದಿಟ್ಟಿದ್ದಾನೆ. ಅಷ್ಟು ಸೂಕ್ಷ್ಮ ಕಣ್ಣು. ಅವನ ಅಟ್ಲಾಸ್ ಅಚ್ಚಾಗಿ ಹತ್ತು ವರ್ಷವೂ ಆಗಿರಲಿಲ್ಲ, 1787ರಲ್ಲಿ ತೀಸ್ತಾ ನದಿಗೆ ಮಹಾಪೂರ ಬಂತು. ಗಂಗೆಯ ಕಡೆ ಹರಿಯುತ್ತಿದ್ದ ತೀಸ್ತಾ ಬ್ರಹ್ಮಪುತ್ರಕ್ಕೆ ಹೋಗಿ ಬಿತ್ತು. ಮುಂದಿನ ಕೆಲವು ದಶಕಗಳಲ್ಲಿ ಬ್ರಹ್ಮಪುತ್ರವೂ ಮೈಮನ್‌ಸಿಂಗ್ ಪಕ್ಕದ ದಾರಿ ಬಿಟ್ಟು ಪಶ್ಚಿಮಕ್ಕೆ ಹೊರಳಿತು. ಈಗ ಆ ದಾರಿಗೆ ಜಮುನಾ ಅಂತ ಹೆಸರು. ರೆನೆಲ್ ತೀರಿಕೊಂಡದ್ದು 1830ರಲ್ಲಿ. ಅವನು ಬದುಕಿರುವಾಗಲೇ ಅವನ ನದಿಗಳು ಅವನ ನಕ್ಷೆಯಿಂದ ಎದ್ದು ಹೋದವು.

ಇದೇ ಮನುಷ್ಯ ಲಂಡನ್ನಿನಲ್ಲಿ ಕೂತು 1798ರಲ್ಲಿ ಪಶ್ಚಿಮ ಆಫ್ರಿಕಾದ ನಕ್ಷೆ ಬರೆದ. ಅಲ್ಲಿ ಓಡಾಡಿ ಬಂದ ಮುಂಗೋ ಪಾರ್ಕ್ ದೂರದಲ್ಲಿ ಬೆಟ್ಟಗಳನ್ನು ಕಂಡೆ ಅಂದಿದ್ದ. ರೆನೆಲ್ ಅಷ್ಟನ್ನೇ ಹಿಡಿದು ಕಾಂಗ್ ಪರ್ವತ ಅಂತ ಉದ್ದಕ್ಕೆ ಒಂದು ಸಾಲನ್ನೇ ಎಳೆದುಬಿಟ್ಟ. ಉಳಿದವರು ಕಣ್ಣು ಮುಚ್ಚಿ ನಕಲು ಮಾಡಿದರು. ಫ್ರೆಂಚ್ ಅಧಿಕಾರಿ ಬಿಂಗರ್ ಆ ಸೀಮೆಯನ್ನು ಸುತ್ತಿ ಬಂದು, ಅಲ್ಲಿ ಅಂಥ ಪರ್ವತವೇ ಇಲ್ಲ ಅಂತ ಹೇಳುವ ಹೊತ್ತಿಗೆ 1889 ಆಗಿತ್ತು. ನಿಮ್ಮ ಸಂಘದಲ್ಲಿ ರೆನೆಲ್‌ನಂಥವನೊಬ್ಬ ಇರಲಿ. ಕಪ್ಪು ನಿಲುವಂಗಿಯ ಖಳನಾಯಕನಿಗಿಂತ ಸ್ವಾರಸ್ಯದ ಪಾತ್ರ, ಅಲ್ವಾ?

ಈಗ ನನಗೆ ಇಷ್ಟವಾದ ಭಾಗ. ಹೊಳೆ ತಂದು ಹಾಕಿದ ಮಣ್ಣಿನ ದಿಬ್ಬವನ್ನು ಬಂಗಾಳದಲ್ಲಿ ಚರ್ ಅನ್ನುತ್ತಾರೆ. ಹೊಳೆ ಒಂದು ಕಡೆ ದಡ ಕಡಿಯುತ್ತದೆ, ಇನ್ನೊಂದು ಕಡೆ ಚರ್ ಎಬ್ಬಿಸುತ್ತದೆ. ಮೊದಲು ಬರೀ ಮರಳು. ಆಮೇಲೆ ಹುಲ್ಲು, ಆಮೇಲೆ ಗುಡಿಸಲು. ಅದರ ಬೆನ್ನಿಗೇ ಜಮೀನ್ದಾರರು ಕಳಿಸಿದ ದೊಣ್ಣೆಯ ಪಡೆ. ಈ ಜಗಳಗಳಿಗೆಂದೇ ಕಂಪನಿ ಸರ್ಕಾರ 1825ರಲ್ಲಿ ಒಂದು ಕಾನೂನು ತಂದಿತು. ಊರಿನ ಹಳೆ ರೂಢಿ ಇದ್ದರೆ ಅದೇ ನಡೆಯಲಿ. ಇಲ್ಲವಾದರೆ, ಹೊಳೆ ನಿಧಾನಕ್ಕೆ ಕೂಡಿಸಿದ ಮಣ್ಣು ಪಕ್ಕದ ಜಮೀನಿನವನದು. ಹೊಳೆ ಇದ್ದಕ್ಕಿದ್ದಂತೆ ಹೊರಳಿ ನಿಮ್ಮ ಹೊಲವನ್ನು ಆಚೆ ದಡಕ್ಕೆ ಕಳಿಸಿದರೆ, ಗುರುತು ಸಿಗುವ ಹಾಗಿದ್ದರೆ, ಅದು ನಿಮ್ಮದೇ. ದೊಡ್ಡ ಹೊಳೆಯ ನಡುವೆ ದ್ವೀಪ ಎದ್ದರೆ? ದ್ವೀಪಕ್ಕೂ ದಡಕ್ಕೂ ನಡುವಿನ ನೀರನ್ನು ವರ್ಷದ ಯಾವುದಾದರೊಂದು ಕಾಲದಲ್ಲಿ ನಡೆದು ದಾಟಬಹುದಾದರೆ ಹತ್ತಿರದ ದಡದವನದು. ದಾಟಲು ಆಗದಿದ್ದರೆ ಸರ್ಕಾರದ್ದು.

ಇದನ್ನು ಕಥೆಯಾಗಿ ಯೋಚಿಸಿ. ಕಡು ಬೇಸಿಗೆ. ಸಂಘದ ಆಳೊಬ್ಬ ಪಂಚೆ ಎತ್ತಿ ಕಟ್ಟಿ ನೀರಿಗಿಳಿಯುತ್ತಾನೆ. ಮೊಣಕಾಲು, ಸೊಂಟ, ಎದೆ. ದಡದಲ್ಲಿ ಒಂದು ಕಡೆ ಜಮೀನ್ದಾರನ ಗುಮಾಸ್ತ, ಇನ್ನೊಂದು ಕಡೆ ಸರ್ಕಾರದ ಗುಮಾಸ್ತ, ಇಬ್ಬರೂ ಅವನ ಗದ್ದವನ್ನೇ ನೋಡುತ್ತಿದ್ದಾರೆ. ಈ ಕೆಲಸಕ್ಕೆ ಉದ್ದನೆಯವನನ್ನು ಆರಿಸಿದ್ದು ಯಾರು? ಎಷ್ಟು ಕಾಸು ಕೈ ಬದಲಾಯಿತು? ಡ್ರ್ಯಾಗನ್ ಯಾಕೆ ಬೇಕು ಹೇಳಿ!

1870ರಲ್ಲಿ ಒಂದು ತೀರ್ಪೂ ಬಂತು, ಆಗ ನಮ್ಮ ಮೊಕದ್ದಮೆಗಳಿಗೆ ಕೊನೆಯ ನ್ಯಾಯಾಲಯವಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲಿನಿಂದ. ಹೊಳೆಯಲ್ಲಿ ಮುಳುಗಿದ ಜಮೀನು ಅದೇ ಜಾಗದಲ್ಲಿ ಮತ್ತೆ ಎದ್ದರೆ ಹಳೆ ಒಡೆಯನಿಗೇ ಸೇರಬೇಕು ಅಂತ. ಸರಿ, ಆದರೆ ಮರವಿಲ್ಲ, ಕಲ್ಲಿಲ್ಲ, ಊರೂ ಇಲ್ಲ. ಅದೇ ಜಾಗ ಅಂತ ತೋರಿಸುವುದು ಹೇಗೆ? ಹಳೆ ನಕ್ಷೆಯಿಂದ. ಹೊಳೆ ನಿಧಾನಕ್ಕೆ ಸರಿಯಿತೋ ಒಮ್ಮೆಗೇ ಹೊರಳಿತೋ ಅನ್ನುವುದಕ್ಕೂ ವರ್ಷ ವರ್ಷದ ಹಳೆ ನಕ್ಷೆಗಳೇ ಸಾಕ್ಷಿ. ಹಾಗಾಗಿ ನೆಲ ಓಡಾಡುವ ನಾಡಿನಲ್ಲಿ ಕಾಲ ಮುಗಿದ ಹಳೆ ನಕ್ಷೆಗೇ ಬೆಲೆ ಜಾಸ್ತಿ. ಸಂಘದ ಕಪಾಟಿಗೆ ಕಳ್ಳ ನುಗ್ಗಿದರೆ ಹೊಸ ಹಾಳೆಯನ್ನು ಅವನು ಮುಟ್ಟುವುದೂ ಇಲ್ಲ.

ಗಟ್ಟಿ ನೆಲ ಹಾಗಲ್ಲ ಬಿಡಿ ಅನ್ನಬೇಡಿ. ಆಸ್ಟ್ರೇಲಿಯಾ ವರ್ಷಕ್ಕೆ ಸುಮಾರು 7 ಸೆಂ.ಮೀ. ಈಶಾನ್ಯಕ್ಕೆ ಜಾರುತ್ತದೆ. ಅಲ್ಲಿನ ನಕ್ಷೆಗಳ ಅಕ್ಷಾಂಶ ರೇಖಾಂಶಕ್ಕೆ ಆಧಾರವಾಗಿದ್ದ 1994ರ ಅಳತೆಯ ಚೌಕಟ್ಟನ್ನು 2020ಕ್ಕೆ ಹೊಂದಿಸಿದಾಗ ಇಡೀ ದೇಶ ಸುಮಾರು 1.8 ಮೀಟರ್ ಸರಿಯಿತು, ಕಾಗದದ ಮೇಲೆ.

ಕೊನೆಯದಾಗಿ ನ್ಯೂ ಮೂರ್ ದ್ವೀಪ. ಭಾರತ–ಬಾಂಗ್ಲಾದೇಶ ಗಡಿಯ ಹರಿಯಾಭಂಗಾ ನದಿ ಸಮುದ್ರ ಸೇರುವಲ್ಲಿ, 1970ರ ಚಂಡಮಾರುತದ ನಂತರ ಕಣ್ಣಿಗೆ ಬಿದ್ದ ಮಣ್ಣಿನ ತುಂಡು. ಬಾಂಗ್ಲಾದೇಶದವರು ಅದನ್ನು ದಕ್ಷಿಣ ತಲ್‌ಪಟ್ಟಿ ಅಂದರು. 1981ರಲ್ಲಿ ನಮ್ಮ ನೌಕಾಪಡೆ ಅಲ್ಲಿ ಬಾವುಟ ಹಾರಿಸಿತು. 2010ರಲ್ಲಿ ಕೋಲ್ಕತ್ತದ ಜಾದವ್‌ಪುರ ವಿಶ್ವವಿದ್ಯಾಲಯದವರು ಉಪಗ್ರಹ ಚಿತ್ರ ನೋಡಿ, ದ್ವೀಪ ಪೂರ್ತಿ ಮುಳುಗಿದೆ ಅಂದರು. ಅಷ್ಟಾದರೂ ಗಡಿಯ ವ್ಯಾಜ್ಯ ಮುಳುಗಲಿಲ್ಲ. 2014ರಲ್ಲಿ ಅಂತಾರಾಷ್ಟ್ರೀಯ ನ್ಯಾಯಮಂಡಳಿ ಅಲ್ಲಿ ಸಮುದ್ರದ ಗಡಿ ಎಳೆಯಿತು. ದ್ವೀಪ ಇದ್ದ ಜಾಗ ಭಾರತಕ್ಕೆ ಬಂತು, ತಕರಾರಿನ ಸಮುದ್ರದ ಬಹುಪಾಲು ಬಾಂಗ್ಲಾದೇಶಕ್ಕೆ ಹೋಯಿತು. ಗಡಿ ಎಲ್ಲಿಂದ ಶುರು ಅಂತ ತೀರ್ಮಾನಿಸಲು ನ್ಯಾಯಾಧೀಶರು ಬಿಚ್ಚಿ ನೋಡಿದ ಕಾಗದಗಳಲ್ಲಿ ದೇಶ ಇಬ್ಭಾಗವಾದಾಗ ಗಡಿ ಗುರುತಿಸಿದ 1947ರ ರ‍್ಯಾಡ್‌ಕ್ಲಿಫ್ ನಕ್ಷೆಯೂ ಇತ್ತು, ಈ ದ್ವೀಪ ಯಾರ ಕಣ್ಣಿಗೂ ಬೀಳುವ ಮುಂಚಿನದು.

ಇಷ್ಟು ನನ್ನ ಕಡೆಯಿಂದ. ಪ್ರಶ್ನೆ ಇದ್ದರೆ ಕೇಳಿ.