ಮೊದಲು ಬೆಳಕನ್ನು ನೋಡಿ, ಆಮೇಲೆ ದೀಪ ಹಚ್ಚಿ

ಕೇಳುಗರೆಲ್ಲರಿಗೂ ನಮಸ್ಕಾರ. ನೀವೀಗ ಅಡುಗೆಮನೆಯಲ್ಲಿರಬಹುದು, ಅಂಗಡಿಯ ಗಲ್ಲಾಪೆಟ್ಟಿಗೆ ಮುಂದೆ ಕೂತಿರಬಹುದು. ಹತ್ತಿರ ಒಂದು ಕಿಟಕಿಯಿದ್ದರೆ ನಿಮ್ಮ ಕೈಯನ್ನು ಅದರ ಪಕ್ಕ ಹಿಡಿಯಿರಿ. ಕಿಟಕಿ ಕಡೆಯ ಬೆರಳು ಬೆಳ್ಳಗಿದೆ, ಈ ಕಡೆಯದು ಮಬ್ಬಾಗಿದೆ. ನಡುವೆ ಗೆರೆ ಎಳೆದ ಹಾಗಿಲ್ಲ, ಅಲ್ವಾ? ಬೆಳಕು ಮೆಲ್ಲಗೆ ಕರಗಿ ನೆರಳಾಗಿದೆ. ಇಷ್ಟನ್ನು ನೋಡುವುದರಲ್ಲೇ ಜೀವನ ಕಳೆದ ಒಬ್ಬ ಮನುಷ್ಯನ ಕತೆ ಇವತ್ತು ಹೇಳುತ್ತೇನೆ. ಹೆಸರು ಸ್ವೆನ್ ನಿಕ್ವಿಸ್ಟ್. ಸ್ವೀಡನ್ ದೇಶದ ಸಿನಿಮಾ ಛಾಯಾಗ್ರಾಹಕ.

ನಾನು ಕ್ಯಾಮೆರಾ ಪಾಠ ಹೇಳುವವನು. ಹುಡುಗರು ಬಂದ ಮೊದಲ ದಿನವೇ ಕೇಳುವುದು, ಸಾರ್, ಯಾವ ಲೆನ್ಸು? ಎಷ್ಟು ಲೈಟು? ಬೆಳಕು ಎಲ್ಲಿಂದ ಬರುತ್ತಿದೆ ಅಂತ ಒಬ್ಬರೂ ಕೇಳುವುದಿಲ್ಲ. ಮೊದಲು ಬೆಳಕನ್ನು ನೋಡಿ, ಆಮೇಲೆ ದೀಪ ಹಚ್ಚಿ. ಇದನ್ನು ನಾನು ಕಲಿತದ್ದು ನಿಕ್ವಿಸ್ಟ್ ಅವರ ಸಿನಿಮಾ ನೋಡಿ.

ಅವರು ಹುಟ್ಟಿದ್ದು 1922ರಲ್ಲಿ, ದಕ್ಷಿಣ ಸ್ವೀಡನ್ನಿನ ಮೂಹೆಡಾ ಅನ್ನುವ ಊರಲ್ಲಿ. ಅಪ್ಪ ಅಮ್ಮ ಇಬ್ಬರೂ ಮಿಶನರಿಗಳು, ದೂರದ ಕಾಂಗೋದಲ್ಲಿ ಕೆಲಸ. ಹುಡುಗ ಬೆಳೆದದ್ದು ನೆಂಟರ ಮನೆಯಲ್ಲಿ. ವರ್ಷಗಟ್ಟಲೆ ಹೆತ್ತವರ ಮುಖ ಕಾಣದೆ ಬೆಳೆದ ಆ ಮಗುವೇ ಮುಂದೆ ಮನುಷ್ಯರ ಮುಖವನ್ನು ಅಷ್ಟು ಹತ್ತಿರದಿಂದ ಚಿತ್ರಿಸಿತು. 1941ರಲ್ಲಿ ಸ್ಟುಡಿಯೋ ಸೇರಿ ಸಹಾಯಕರಾದರು. 1953ರಲ್ಲಿ ಮೊದಲ ಸಲ ನಿರ್ದೇಶಕ ಇಂಗ್ಮಾರ್ ಬರ್ಗ್‌ಮನ್ ಜೊತೆ ಕೆಲಸ ಮಾಡಿದರು. 1960ರಿಂದ ಆ ಜೋಡಿ ಗಟ್ಟಿಯಾಯಿತು.

ಈಗ ನನಗೆ ತುಂಬಾ ಇಷ್ಟದ ಸಂಗತಿಗೆ ಬರುತ್ತೇನೆ. 1963ರಲ್ಲಿ ತೆರೆಗೆ ಬಂದ 'ವಿಂಟರ್ ಲೈಟ್' ಸಿನಿಮಾದ ತಯಾರಿ ನಡೆದಿತ್ತು. ಹಳ್ಳಿಯ ಚರ್ಚಿನ ಒಬ್ಬ ಪಾದ್ರಿಯ ಕತೆ. ದೇವರ ಮೇಲಿನ ನಂಬಿಕೆ ಕೈಬಿಟ್ಟುಹೋಗುತ್ತಿರುವ ಮನುಷ್ಯ. ಕತೆ ನಡೆಯುವುದು ಚಳಿಗಾಲದ ಒಂದು ಭಾನುವಾರ, ಹೆಚ್ಚೆಂದರೆ ಮೂರು ಗಂಟೆಯ ಅವಧಿಯಲ್ಲಿ. ಮೂರು ಗಂಟೆಯಲ್ಲಿ ಬೆಳಕು ಏನು ಮಹಾ ಬದಲಾಗುತ್ತದೆ ಅಂತ ನಮಗೆ ಅನಿಸುತ್ತದೆ. ಇವರಿಬ್ಬರು ಹಾಗೆ ಅಂದುಕೊಳ್ಳಲಿಲ್ಲ. ನಿಜವಾದ ಚರ್ಚಿಗೆ ಹೋಗಿ ಸುಮ್ನೆ ಕೂತರು. ದೀಪ ಹಚ್ಚಲಿಲ್ಲ. ನಡುಹಗಲಿನ ಆ ಹೊತ್ತು ಪೂರ್ತಿ ಕಿಟಕಿಯಿಂದ ಬರುವ ಬೆಳಕನ್ನೇ ನೋಡಿದರು. ಕೆಲವು ನಿಮಿಷಕ್ಕೊಮ್ಮೆ ಒಂದು ಫೋಟೊ, ಮತ್ತೆ ಕಾಯುವುದು, ಮತ್ತೊಂದು ಫೋಟೊ. ಹೊರಗೆ ಮೋಡ. ಒಳಗೆ ಬೆಂಚುಗಳ ಕೆಳಗೆ ನೆರಳೇ ಇಲ್ಲ. ಆದರೂ ಗೋಡೆಯ ಬಣ್ಣ ನಿಮಿಷ ನಿಮಿಷಕ್ಕೆ ಬೇರೆ!

ಆಮೇಲೆ ಆ ಚರ್ಚಿನ ಒಳಭಾಗವನ್ನು ಸ್ಟುಡಿಯೋದಲ್ಲಿ ಕಟ್ಟಿದರು. ನೆರಳು ಬೀಳಬಾರದು ಅನ್ನುವುದೇ ಕಟ್ಟುನಿಟ್ಟು. ಸ್ಟುಡಿಯೋದಲ್ಲಿ ದೀಪ ಹಾಕಿದರೆ ನೆರಳು ಬೀಳದೆ ಇರುತ್ತದೆಯೇ? ನಿಕ್ವಿಸ್ಟ್ ದೀಪವನ್ನು ನಟರ ಕಡೆ ತಿರುಗಿಸಲೇ ಇಲ್ಲ. ದೊಡ್ಡ ಬಿಳಿ ಹಲಗೆಗಳಿಗೆ ತಿರುಗಿಸಿದರು. ಹಲಗೆಗೆ ಬಡಿದು ಹರಡಿ ಬಂದ ಬೆಳಕು ಮೋಡದ ಬೆಳಕಿನ ಹಾಗೇ ಮೆತ್ತಗಿತ್ತು. ಸುಣ್ಣ ಬಳಿದ ಗೋಡೆಗೆ ಬಿಸಿಲು ಬಿದ್ದು ಎದುರಿನ ಕೋಣೆ ಬೆಳಗುತ್ತದಲ್ಲ, ಅದೇ ಲೆಕ್ಕ. ನಮ್ಮ ದೇಶದ ಛಾಯಾಗ್ರಾಹಕ ಸುಬ್ರತ ಮಿತ್ರ ಇದಕ್ಕೂ ಮೊದಲೇ, ಸತ್ಯಜಿತ್ ರೇ ಅವರ 1956ರ 'ಅಪರಾಜಿತೋ' ಚಿತ್ರಕ್ಕೆ ಬಿಳಿ ಬಟ್ಟೆ ಕಟ್ಟಿ ಇದೇ ಕೆಲಸ ಮಾಡಿದ್ದರು. ಅವರ ಬಗ್ಗೆ ಇನ್ನೊಂದು ದಿನ ಪೂರ್ತಿ ಮಾತಾಡಬೇಕು.

ಆ ಸಿನಿಮಾದಲ್ಲಿ ಒಂದು ಗಳಿಗೆ ಇದೆ. ಪಾದ್ರಿ ಕಿಟಕಿಯ ಬಳಿ ಒಂಟಿಯಾಗಿದ್ದಾನೆ. ಜ್ವರದ ಮುಖ. ಅಷ್ಟು ಹೊತ್ತು ಬೂದು ಬಣ್ಣದಲ್ಲಿದ್ದ ಕೋಣೆಗೆ ಇದ್ದಕ್ಕಿದ್ದ ಹಾಗೆ ಬಿಸಿಲು ನುಗ್ಗುತ್ತದೆ. ಅವನು ದೇವರು ಕೈಬಿಟ್ಟ ಅನ್ನುತ್ತಿದ್ದಾನೆ, ಬೆಳಕು ಮುಖದ ಮೇಲೆ ಬಂದು ನಿಂತಿದೆ. ಎಷ್ಟು ಸಲ ನೋಡಿದರೂ ನನ್ನ ಗಂಟಲು ಕಟ್ಟುತ್ತದೆ. ಆ ಚರ್ಚಿನಲ್ಲಿ ಕೂತು ಕಾಯದೆ ಇದ್ದಿದ್ದರೆ ಇದು ಸಿಗುತ್ತಿತ್ತೇ? ಅದಕ್ಕೇ ಹೇಳುವುದು, ಮೊದಲು ನೋಡಿ.

ನಾನು ಸಹಾಯಕನಾಗಿದ್ದಾಗ ಒಂದು ಚಿತ್ರದಲ್ಲಿ ತಾಯಿ ಅಳುವ ದೃಶ್ಯ. ಲೈಟು ಜಾಸ್ತಿ ಹಾಕಿದಷ್ಟೂ ಒಳ್ಳೆಯದು ಅಂದುಕೊಂಡೆವು. ಪರದೆ ಮೇಲೆ ನೋಡಿದರೆ ಆಕೆಯ ಹಿಂದಿನ ಗೋಡೆಯಲ್ಲಿ ಮೂರು ನೆರಳು. ಒಬ್ಬ ತಾಯಿಗೆ ಮೂರು ನೆರಳು! ಆಕೆ ಅಷ್ಟು ಚೆನ್ನಾಗಿ ಅತ್ತಿದ್ದರು, ನಾವು ಹಾಳು ಮಾಡಿದ್ದೆವು. ಇವತ್ತಿಗೂ ಹೊಟ್ಟೆ ಉರಿಯುತ್ತದೆ.

ಸಮಯ ಓಡುತ್ತಿದೆ, ಉಳಿದದ್ದನ್ನು ಬೇಗ ಹೇಳಿಬಿಡುತ್ತೇನೆ. ನಿಕ್ವಿಸ್ಟ್ ಅವರಿಗೆ ಎರಡು ಆಸ್ಕರ್ ಬಂತು, 'ಕ್ರೈಸ್ ಅಂಡ್ ವಿಸ್ಪರ್ಸ್' ಮತ್ತು 'ಫ್ಯಾನಿ ಅಂಡ್ ಅಲೆಕ್ಸಾಂಡರ್' ಚಿತ್ರಗಳಿಗೆ. ಮೊದಲನೆಯದರ ಕೆಂಪು ಗೋಡೆಗಳನ್ನು ಒಮ್ಮೆ ನೋಡಿದರೆ ಮರೆಯುವುದಿಲ್ಲ. ನಮ್ಮ ದೇಶಕ್ಕೂ ಬಂದಿದ್ದರು. ಶಶಿ ಕಪೂರ್ ನಟಿಸಿದ 1972ರ 'ಸಿದ್ಧಾರ್ಥ' ಚಿತ್ರದ ಉತ್ತರ ಭಾರತದ ನದಿ, ದಡ, ಮುಸ್ಸಂಜೆ ಎಲ್ಲ ಅವರ ಕಣ್ಣಿನಿಂದಲೇ ಬಂದದ್ದು. 1986ರಲ್ಲಿ ರಷ್ಯಾದ ನಿರ್ದೇಶಕ ತರ್ಕೋವ್‌ಸ್ಕಿ ಜೊತೆ 'ದ ಸ್ಯಾಕ್ರಿಫೈಸ್'. ಅದರಲ್ಲಿ ಒಂದು ಮನೆಯೇ ಹೊತ್ತಿ ಉರಿಯಬೇಕು. ಬೆಂಕಿ ಹಚ್ಚಿದ ಮೇಲೆ ಕ್ಯಾಮೆರಾ ಕೆಟ್ಟು ನಿಂತಿತು, ಮನೆ ಬೂದಿಯಾಯಿತು. ಮತ್ತೆ ಮನೆ ಕಟ್ಟಿ, ಈ ಸಲ ಎರಡು ಕ್ಯಾಮೆರಾ ಇಟ್ಟು, ಮತ್ತೆ ಸುಟ್ಟರು. ಆ ಕೆಲಸಕ್ಕೆ ಕಾನ್ ಚಿತ್ರೋತ್ಸವ ನಿಕ್ವಿಸ್ಟ್ ಅವರಿಗೇ ಪ್ರಶಸ್ತಿ ಕೊಟ್ಟಿತು.

1998ರಲ್ಲಿ ಅವರಿಗೆ ಮಾತು ಕೈಕೊಡುವ ಕಾಯಿಲೆ ಅಂತ ಗೊತ್ತಾಯಿತು, ಕ್ಯಾಮೆರಾ ಕೆಳಗಿಟ್ಟರು. 2006ರ ಸೆಪ್ಟೆಂಬರ್‌ನಲ್ಲಿ ತೀರಿಕೊಂಡರು.

ಒಂದೇ ಸಿನಿಮಾ ನೋಡಲು ಬಿಡುವಿದ್ದರೆ 'ವಿಂಟರ್ ಲೈಟ್' ನೋಡಿ. ಒಂದೂವರೆ ಗಂಟೆಯೂ ಇಲ್ಲ. ಫೋನಿನಲ್ಲಿ ಬೇಡ, ದಯವಿಟ್ಟು. ದೊಡ್ಡ ಪರದೆ ಹುಡುಕಿ, ಕೋಣೆಯ ಟ್ಯೂಬ್‌ಲೈಟ್ ಆರಿಸಿ ಕೂತುಕೊಳ್ಳಿ. ಪಾದ್ರಿ ಕಿಟಕಿಯ ಬಳಿ ಬಂದಾಗ ಮಾತ್ರ ಯಾರ ಜೊತೆಯೂ ಮಾತಾಡಬೇಡಿ. ನಮಸ್ಕಾರ.